ಬೆಂಕಿಯ ದೇವರನ್ನು ಕಟ್ಟುವವರಿಗೆ ಒಂದು ಬಹಿರಂಗ ಪತ್ರ

ಫ್ಯಾಂಟಸಿ ಕತೆ, ಕಾದಂಬರಿ ಬರೆಯುವವರಿಗೆ, ಆಟಗಳಿಗೆ ಲೋಕ ಕಟ್ಟುವವರಿಗೆ, ಚಿತ್ರಕತೆ ಹೆಣೆಯುವವರಿಗೆ,

ಮಾನ್ಯರೇ,

ನೇರವಾಗಿ ವಿಷಯಕ್ಕೆ ಬರುತ್ತೇನೆ. ನಿಮ್ಮ ಕತೆಯಲ್ಲಿ ಬೆಂಕಿಯನ್ನು ಪೂಜಿಸುವ ಜನ ಬಂದರು ಅಂದರೆ ಸಾಕು, ಮುಂದೆ ಏನಾಗುತ್ತದೆ ಅಂತ ನನಗೆ ಮೊದಲೇ ಗೊತ್ತಾಗಿಬಿಡುತ್ತದೆ. ಕೆಂಪು ನಿಲುವಂಗಿಯ ಪೂಜಾರಿಯೊಬ್ಬ ಬರುತ್ತಾನೆ. ಉರಿಯೊಳಗೆ ನೋಡಿ ಭವಿಷ್ಯ ಹೇಳುತ್ತಾನೆ. ಕೈ ಚಾಚಿದರೆ ಅಂಗೈಯಿಂದ ಬೆಂಕಿಯುಂಡೆ ಹಾರುತ್ತದೆ. ಒಂದೆರಡು ಅಧ್ಯಾಯ ಕಳೆಯುವಷ್ಟರಲ್ಲಿ ಯಾರನ್ನೋ ಕಂಬಕ್ಕೆ ಕಟ್ಟಿ ಸುಡುತ್ತಾರೆ, ಸುತ್ತ ನಿಂತ ಜನ ಕೂಗುತ್ತಾರೆ, ಅವರಲ್ಲಿ ಒಬ್ಬರಿಗೂ ಹೆಸರಿರುವುದಿಲ್ಲ. ಕೊನೆಗೆ ನಾಯಕ ಬಂದು ಗುಡಿ ಕೆಡವುತ್ತಾನೆ. ಬೆಂಕಿ ಆರುತ್ತದೆ. ಅಲ್ಲಿಗೆ ಆ ಧರ್ಮವೂ ಮುಗಿಯಿತು.

ನಾನು ಚಿಕ್ಕಂದಿನಿಂದ ಇಂಥ ಲೋಕಗಳನ್ನು ಪ್ರೀತಿಯಿಂದ ಓದಿಕೊಂಡು, ಆಡಿಕೊಂಡು ಬಂದವಳು. ಆ ಪ್ರೀತಿ ಇರುವುದರಿಂದಲೇ ಈ ಪತ್ರ. ನಿಮ್ಮ ಸಮುದ್ರದ ದೇವರಿಗೆ ಹಬ್ಬ ಇರುತ್ತದೆ, ದೋಣಿ ಇಳಿಸುವ ಮುಂಚೆ ಬೆಸ್ತರು ಹೇಳಿಕೊಳ್ಳುವ ಪ್ರಾರ್ಥನೆ ಇರುತ್ತದೆ. ಕಾಡಿನ ದೇವರಿಗೆ ಹಾಡುಗಳಿರುತ್ತವೆ, ಆ ಹಾಡು ಮರೆತುಹೋಗುತ್ತಿದೆ ಅಂತ ಕೊರಗುವ ಮುದುಕಿ ಇರುತ್ತಾಳೆ. ಸಾವಿನ ದೇವರಿಗೂ ಈಗೀಗ ಕರುಣೆ ಕೊಟ್ಟಿದ್ದೀರಿ. ಬೆಂಕಿಯ ದೇವರಿಗೆ ಮಾತ್ರ ಭಕ್ತರೇ ಇಲ್ಲ. ಬರೀ ಕೊಲೆಗಡುಕರು. ಆ ಊರಿನ ಹೆಂಗಸು ಬೆಳಿಗ್ಗೆ ಎದ್ದು ಒಲೆಯ ಮುಂದೆ ಏನು ಹೇಳಿಕೊಳ್ಳುತ್ತಾಳೆ? ಮಗು ಹುಟ್ಟಿದಾಗ ಏನು ಮಾಡುತ್ತಾರೆ? ಸತ್ತವರನ್ನು ಎಲ್ಲಿಗೆ ಒಯ್ಯುತ್ತಾರೆ? ನೀವು ಬರೆಯುವುದೇ ಇಲ್ಲ. ಒಮ್ಮೆ ಇಂಥದೊಂದು ಕತೆ ಬರೆದವರನ್ನೇ ಕೇಳಿದೆ. "ಬೆಂಕಿ ಅಂದ್ರೆ ಸುಡೋದು ತಾನೆ?" ಅಂದರು. ಅಷ್ಟೇ ಉತ್ತರ.

ನನ್ನ ದೂರು ಇರುವುದು ಆ ಉತ್ತರದ ಮೇಲೆ. ಬೆಂಕಿ ಸುಡುತ್ತದೆ, ನಿಜ. ಆದರೆ ಬೆಂಕಿಯನ್ನು ದೇವರೆಂದು ನಂಬಿದವರು ಅದನ್ನು ಸಾಕುತ್ತಾರೆ. ಹಗಲು ರಾತ್ರಿ, ತಲೆಮಾರುಗಟ್ಟಲೆ, ಆರದ ಹಾಗೆ ಸಾಕುತ್ತಾರೆ. ಆ ಸಾಕುವ ಕೆಲಸದಲ್ಲಿ ಇರುವಷ್ಟು ಕತೆ ಸುಡುವ ಕೆಲಸದಲ್ಲಿ ಇಲ್ಲ.

ಮೊದಲು ಆ ಕಂಬದ ವಿಷಯ. ನೀವು ಜಾಸ್ತಿ ಬಳಸುವುದು ಅದನ್ನೇ, ಬೆಂಕಿಯ ಧರ್ಮಕ್ಕೆ ಎಲ್ಲಕ್ಕಿಂತ ಕಡಿಮೆ ಒಪ್ಪುವುದೂ ಅದೇ. ಪರ್ಷಿಯಾದ ದೊರೆ ಕಾಂಬೈಸಿಸ್ ಕ್ರಿ.ಪೂ. 525ರಲ್ಲಿ ಈಜಿಪ್ಟನ್ನು ಗೆದ್ದ. ಅಷ್ಟರಲ್ಲಿ ಸತ್ತುಹೋಗಿದ್ದ ಅಲ್ಲಿನ ದೊರೆ ಅಮಾಸಿಸ್‌ನ ಶವವನ್ನು ಹೊರತೆಗೆಸಿ ಸುಡಿಸಿದ ಅಂತ ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಬರೆಯುತ್ತಾನೆ. ಬರೆದು, ಇದು ಇಬ್ಬರಿಗೂ ಅಧರ್ಮ ಅನ್ನುತ್ತಾನೆ. ಪರ್ಷಿಯನ್ನರಿಗೆ ಬೆಂಕಿ ದೇವರು, ಹೆಣವನ್ನು ದೇವರಿಗೆ ಕೊಡುವುದು ತಪ್ಪು. ಈಜಿಪ್ಟಿನವರಿಗೆ ಬೆಂಕಿ ಒಂದು ಜೀವಂತ ಮೃಗ, ಸಿಕ್ಕಿದ್ದನ್ನೆಲ್ಲ ತಿಂದು, ಹೊಟ್ಟೆ ತುಂಬಿದ ಮೇಲೆ ತಿಂದದ್ದರ ಜೊತೆಗೇ ಸಾಯುವಂಥದ್ದು, ಹೆಣವನ್ನು ಮೃಗದ ಬಾಯಿಗೆ ಹಾಕುವುದು ಅವರಿಗೂ ತಪ್ಪು. ಒಂದೇ ಕೆಲಸ, ಎರಡು ಜನಾಂಗ, ಇಬ್ಬರಿಗೂ ಅಸಹ್ಯ, ಕಾರಣ ಮಾತ್ರ ಬೇರೆಬೇರೆ. ಒಂದು ಪುಟದೊಳಗೆ ಎಂಥ ಎರಡು ಲೋಕಗಳಿವೆ ನೋಡಿ.

ಪ್ರಾಚೀನ ಇರಾನಿನ ಪ್ರವಾದಿ ಜರತುಷ್ಟ್ರನ ಧರ್ಮದಲ್ಲಿ, ಅಂದರೆ ಇವತ್ತಿನ ಪಾರ್ಸಿಗಳ ಧರ್ಮದಲ್ಲಿ, ಇದು ಇನ್ನೂ ಕಟ್ಟುನಿಟ್ಟು. ಅವರು ಬೆಂಕಿಯ ಮುಂದೆ ನಿಂತು ತಮ್ಮ ದೇವರು ಅಹುರ ಮಜ್ದನನ್ನು ಪ್ರಾರ್ಥಿಸುತ್ತಾರೆ. ಬೆಂಕಿ ಅಲ್ಲಿ ಅವನ ಬೆಳಕು, ಅವನ ಮಗ ಅಂತಲೂ ಹಳೆಯ ಮಂತ್ರಗಳು ಕರೆಯುತ್ತವೆ. ಸತ್ತ ದೇಹ ಬೆಂಕಿಗೆ ತಾಗುವುದು ಮಹಾಪಾಪ. ಅದಕ್ಕೇ ಅವರಲ್ಲಿ ಶವವನ್ನು ಸುಡದೆ ಹದ್ದುಗಳಿಗೆ ಒಪ್ಪಿಸುವ ಗೋಪುರಗಳು ಬಂದವು. ಇಂಥವರಲ್ಲಿ ಯಾರಾದರೂ ಬದುಕಿರುವ ಮನುಷ್ಯನನ್ನು ಗುಡಿಯ ಬೆಂಕಿಗೆ ತಳ್ಳಿದರೆ ದೇವರಿಗೆ ಬಲಿ ಕೊಟ್ಟ ಹಾಗಾಗುವುದಿಲ್ಲ, ದೇವರ ಮೈ ಮೇಲೆ ಹೊಲಸು ಸುರಿದ ಹಾಗಾಗುತ್ತದೆ. ಯುರೋಪಿನಲ್ಲಿ ಜನರನ್ನು ಕಂಬಕ್ಕೆ ಕಟ್ಟಿ ಸುಟ್ಟವರು ಯಾರೂ ಬೆಂಕಿಯನ್ನು ಪೂಜಿಸುತ್ತಿರಲಿಲ್ಲ. ಅವರಿಗೆ ಬೆಂಕಿ ಒಂದು ಸಲಕರಣೆ, ಹಗ್ಗ ಕೊಡಲಿಗಳ ಸಾಲಿಗೆ ಸೇರಿದ್ದು. ಯೋಚಿಸಿ ನೋಡಿ, ಬೆಂಕಿಯನ್ನು ಹಾಗೆ ಬಳಸಬೇಕಾದರೆ ಮೊದಲು ಅದರ ಮೇಲೆ ಭಕ್ತಿ ಇರಬಾರದು. ನಿಮ್ಮ ಲೋಕದಲ್ಲಿ ಅಗ್ನಿಭಕ್ತರ ನಾಡನ್ನು ಗೆದ್ದ ಬೇರೆ ಧರ್ಮದವರು ಜನರನ್ನು ಸುಡುತ್ತಿದ್ದಾರೆ, ಅಗ್ನಿಭಕ್ತರು ಸತ್ತವರಿಗಾಗಿಯೂ ಅಳುತ್ತಿದ್ದಾರೆ, ಮೈಲಿಗೆಯಾದ ಬೆಂಕಿಗಾಗಿಯೂ ಅಳುತ್ತಿದ್ದಾರೆ ಅಂತ ಒಂದು ಸಲ ಬರೆದು ನೋಡಿ. ನಾನಂತೂ ಆ ಕತೆಗೆ ಕಾಯುತ್ತಿದ್ದೇನೆ.

ಈಗ ಸಾಕುವ ವಿಷಯ.

ಪಾರ್ಸಿಗಳ ಅತಿ ಮೇಲಿನ ದರ್ಜೆಯ ಬೆಂಕಿಗೆ ಆತಶ್ ಬೆಹ್ರಾಮ್ ಅಂತ ಹೆಸರು. ಇಡೀ ಪ್ರಪಂಚದಲ್ಲಿ ಅಂಥವು 9 ಇವೆ, ಇರಾನಿನ ಯಜ್ದ್‌ನಲ್ಲಿ ಒಂದು, ಭಾರತದಲ್ಲಿ ಎಂಟು. ಅದನ್ನು ಮಾಡಲು 16 ಬಗೆಯ ಬೆಂಕಿ ತರಬೇಕು. ಕಮ್ಮಾರನ ಕುಲುಮೆಯದು, ಕುಂಬಾರನ ಆವಿಗೆಯದು, ಅಕ್ಕಸಾಲಿಯದು, ಸಿಡಿಲು ಬಡಿದು ಹೊತ್ತಿಕೊಂಡದ್ದು, ಹೀಗೆ. ಹೆಣ ಸುಡುತ್ತಿರುವ ಚಿತೆಯ ಬೆಂಕಿಯೂ ಅದರಲ್ಲಿ ಸೇರಿದೆ! ಯಾವುದನ್ನು ಮುಟ್ಟುವುದೇ ಪಾಪವೋ ಅಲ್ಲಿಂದಲೂ ಬೆಂಕಿಯನ್ನು ಬಿಡಿಸಿಕೊಂಡು ಬರುತ್ತಾರೆ. ಹೇಗೆ ಅಂದರೆ, ತೂತುಗಳಿರುವ ಸೌಟಿನಲ್ಲಿ ಗಂಧದ ಚಕ್ಕೆಪುಡಿ ಇಟ್ಟು ಚಿತೆಯ ಮೇಲೆ ತಾಗದಂತೆ ಹಿಡಿಯುತ್ತಾರೆ. ಬರೀ ಶಾಖಕ್ಕೇ ಚಕ್ಕೆ ಹೊತ್ತಿಕೊಳ್ಳಬೇಕು. ಆ ಹೊಸ ಬೆಂಕಿಯಿಂದ ಹಾಗೇ ಇನ್ನೊಂದು, ಅದರಿಂದ ಮತ್ತೊಂದು. ಚಿತೆಯ ಬೆಂಕಿಗೆ ಇದನ್ನು 91 ಸಲ ಮಾಡಬೇಕು. ಎಲ್ಲ ಬೆಂಕಿಗಳೂ ಶುದ್ಧವಾಗಿ ಒಂದಾಗುವ ಹೊತ್ತಿಗೆ ತಿಂಗಳುಗಟ್ಟಲೆ ಕಾಲ ಹಿಡಿಯುತ್ತದೆ.

ಇದನ್ನು ಓದಿದಾಗ ನನಗೆ ಮೈ ಜುಂ ಅಂದಿತ್ತು. ಊರಿನ ಎಲ್ಲ ಕಸುಬುಗಳ ಬೆಂಕಿ, ಆಕಾಶದ ಬೆಂಕಿ, ಸಾವಿನ ಬೆಂಕಿ, ಎಲ್ಲವೂ ಒಂದೇ ಪಾತ್ರೆಯಲ್ಲಿ ಉರಿಯುತ್ತಿದೆ. ಇದರ ಮುಂದೆ ನಿಮ್ಮ ಕೆಂಪು ನಿಲುವಂಗಿ ಎಷ್ಟು ಪೇಲವ ಅಲ್ವಾ? ಅಂದಹಾಗೆ ಆ ಗುಡಿಗಳಲ್ಲಿ ಅರ್ಚಕರು ತೊಡುವುದು ಬಿಳಿ ಬಟ್ಟೆ. ಉಸಿರು, ಎಂಜಲು ಬೆಂಕಿಗೆ ತಾಗಬಾರದು ಅಂತ ಬಾಯಿ ಮೂಗಿಗೂ ಬಿಳಿ ಬಟ್ಟೆ ಕಟ್ಟಿಕೊಳ್ಳುತ್ತಾರೆ. ದಿನಕ್ಕೆ ಐದು ಸಲ, ಒಂದೊಂದು ಜಾವ ಬದಲಾದಾಗಲೂ ಬಂದು ಕಟ್ಟಿಗೆ ಇಟ್ಟು, ಮಂತ್ರ ಹೇಳಿ, ಗಂಟೆ ಬಾರಿಸುತ್ತಾರೆ. ಬಾಯಿಂದ ಊದಿ ಬೆಂಕಿ ಹೊತ್ತಿಸುವಂತೆಯೇ ಇಲ್ಲ. ಭಕ್ತರು ಬೂದಿಯನ್ನು ಹಣೆಗೆ ಹಚ್ಚಿಕೊಳ್ಳುತ್ತಾರೆ.

ಆ ಬೆಂಕಿ ಪ್ರಯಾಣವನ್ನೂ ಮಾಡಿದೆ. ಇರಾನ್ ಬಿಟ್ಟು ಗುಜರಾತಿನ ತೀರಕ್ಕೆ ಬಂದವರು ಸಂಜಾಣದಲ್ಲಿ ಸ್ಥಾಪಿಸಿದ ಬೆಂಕಿಗೆ ಇರಾನ್‌ಶಾ ಅಂತ ಹೆಸರು. ದಾಳಿ ಬಂದಾಗ ಅದನ್ನು ಬಹ್ರೋಟ್ ಬೆಟ್ಟದ ಗುಹೆಯಲ್ಲಿ ಬಚ್ಚಿಟ್ಟರು. ಆಮೇಲೆ ವಾಂಸ್ದಾ, ನವಸಾರಿ, ಹೀಗೆ ಊರಿಂದೂರಿಗೆ ಹೋಗಿ 1742ರಲ್ಲಿ ಉದ್ವಾಡಾಕ್ಕೆ ಬಂತು. ಇವತ್ತಿಗೂ ಅಲ್ಲೇ ಇದೆ. ಒಂದು ಸಣ್ಣ ಗುಂಪು, ಸೈನ್ಯ ಬೆನ್ನಟ್ಟಿರುವಾಗ, ಮಳೆಗಾಲದಲ್ಲಿ, ಕಾಡಿನ ದಾರಿಯಲ್ಲಿ, ಉರಿಯುತ್ತಿರುವ ಬೆಂಕಿಯನ್ನು ಹೊತ್ತು ನಡೆಯುವುದನ್ನು ಕಲ್ಪಿಸಿಕೊಳ್ಳಿ. ಹಿಡಿದವರಿಗೆ ಕೈ ಸುಡುತ್ತದೆ. ರಾತ್ರಿ ಹೊಗೆ, ಬೆಳಕು ಎರಡೂ ಅವರಿರುವ ಜಾಗವನ್ನು ಶತ್ರುವಿಗೆ ತೋರಿಸಿಕೊಡುತ್ತವೆ. ಒಣ ಕಟ್ಟಿಗೆ ಮುಗಿಯುತ್ತಿದೆ. ಇಡೀ ಕಾದಂಬರಿಗೆ ಇಷ್ಟು ಸಾಕು, ಮಾಟಮಂತ್ರವೂ ಬೇಡ.

ಹಳೆಯ ರೋಮಿನಲ್ಲಿ ಒಲೆಯ ದೇವತೆ ವೆಸ್ಟಾಳ ಗುಡಿಯನ್ನು ನೋಡಿ. ಬೆಂಕಿ ಕಾಯಲು ಆರು ಜನ ಹೆಂಗಸರು. ಆರರಿಂದ ಹತ್ತು ವರ್ಷದೊಳಗಿನ ಹುಡುಗಿಯರನ್ನು ಆರಿಸಿ ತರುತ್ತಿದ್ದರು. ಸೇವೆ 30 ವರ್ಷ, ಮೊದಲ ಹತ್ತು ಕಲಿಯಲು, ನಡುವಿನ ಹತ್ತು ಮಾಡಲು, ಕೊನೆಯ ಹತ್ತು ಕಲಿಸಲು. ಬೆಂಕಿ ಆರಿದರೆ ಕಾವಲಿದ್ದವಳಿಗೆ ಚಾಟಿಯೇಟು. ಆರಿದ ಬೆಂಕಿಯನ್ನು ಪಕ್ಕದ ಮನೆಯಿಂದ ತರುವಂತಿಲ್ಲ, ಶುಭವೆನಿಸಿದ ಮರದ ತುಂಡನ್ನು ಕೊರೆದು ಕಡೆದು ಹೊಸದಾಗಿ ಹುಟ್ಟಿಸಬೇಕು. ಮಾರ್ಚ್ 1ಕ್ಕೆ ಪ್ರತಿ ವರ್ಷ ಬೆಂಕಿಯನ್ನು ಹೊಸದು ಮಾಡುತ್ತಿದ್ದರು, ಜೂನ್ 15ಕ್ಕೆ ಗುಡಿಯ ಕಸ ಗುಡಿಸಿ ಹೊರಹಾಕುತ್ತಿದ್ದರು, ಆ ಕೆಲಸ ಮುಗಿಯುವವರೆಗೆ ದಿನ ಒಳ್ಳೆಯದಲ್ಲ ಅನ್ನುವುದು ಅವರ ನಂಬಿಕೆ. ಕಸ ಗುಡಿಸುವುದಕ್ಕೂ ಪಂಚಾಂಗದಲ್ಲಿ ಜಾಗ! ಕ್ರಿ.ಶ. 394ರ ಹೊತ್ತಿಗೆ ಚಕ್ರವರ್ತಿ ಥಿಯೋಡೋಸಿಯಸ್ ಕಾಲದಲ್ಲಿ ಆ ಬೆಂಕಿ ಆರಿತು. ಅಲ್ಲಿ ಕೊನೆಗೆ ಉಳಿದಿದ್ದ ಹೆಂಗಸರ ಪಾಡೇನಾಯಿತು ಅಂತ ಯೋಚಿಸಿದರೆ ನನಗೆ ಸಂಕಟವಾಗುತ್ತದೆ. ಮಗುವಾಗಿದ್ದಾಗ ತಂದು ಒಂದೇ ಕೆಲಸ ಕಲಿಸಿದ್ದಾರೆ, ಇನ್ನು ಆ ಕೆಲಸವೇ ಇಲ್ಲ.

ನಿಮ್ಮ ಗುಡಿಗಳಲ್ಲಿ ಕಸ ಯಾರು ಗುಡಿಸುತ್ತಾರೆ? ಬೂದಿ ಎಲ್ಲಿಗೆ ಹೋಗುತ್ತದೆ? ಸಾವಿರ ವರ್ಷ ಉರಿದ ಬೆಂಕಿ ಅಂತ ಒಂದು ಸಾಲಿನಲ್ಲಿ ಬರೆದು ಮುಂದೆ ಹೋಗುತ್ತೀರಿ. ಸಾವಿರ ವರ್ಷದ ಬೂದಿ ಅಂದರೆ ಗುಡ್ಡ. ಸಾವಿರ ವರ್ಷದ ಮಸಿ ಅಂದರೆ ಚಾವಣಿಯ ಚಿತ್ರ ಒಂದೂ ಕಾಣದಷ್ಟು ಕಪ್ಪು. ಅರ್ಚಕರಿಗೆ ಕೆಮ್ಮು ಇರಬೇಕು, ಕಣ್ಣು ಕೆಂಪಾಗಿರಬೇಕು, ನೀರು ಸುರಿಯುತ್ತಿರಬೇಕು. ಐರ್ಲೆಂಡಿನ ಕಿಲ್ಡೇರ್ ಮಠದ ಬೆಂಕಿಯ ಬಗ್ಗೆ 12ನೇ ಶತಮಾನದ ಒಬ್ಬ ಪಾದ್ರಿ ಬರೆದಿಟ್ಟಿದ್ದಾನೆ. ಅಲ್ಲಿ ಎಷ್ಟು ಉರಿದರೂ ಬೂದಿ ಹೆಚ್ಚುತ್ತಿರಲಿಲ್ಲವಂತೆ. ಆ ಪವಾಡ ಹುಟ್ಟಿದ್ದು ಬೂದಿ ಬಾಚಿ ಬಾಚಿ ಸಾಕಾದವರ ಬಾಯಲ್ಲೇ ಇರಬೇಕು ಅಂತ ನನ್ನ ಅನಿಸಿಕೆ. ಅದೇ ಮಠದಲ್ಲಿ 19 ಸನ್ಯಾಸಿನಿಯರು ಒಬ್ಬೊಬ್ಬರು ಒಂದೊಂದು ರಾತ್ರಿ ಬೆಂಕಿ ಕಾಯುತ್ತಿದ್ದರು. ಇಪ್ಪತ್ತನೆಯ ರಾತ್ರಿ ಕಟ್ಟಿಗೆ ಒಟ್ಟಿ, ಈ ರಾತ್ರಿ ನಿನ್ನ ಪಾಳಿ ಅಂತ ಮಠ ಕಟ್ಟಿ ಎಂದೋ ತೀರಿಹೋಗಿದ್ದ ಸಂತ ಬ್ರಿಜಿಡ್‌ಗೆ ಹೇಳಿ ಹೊರಟುಬಿಡುತ್ತಿದ್ದರು. ಬೆಳಿಗ್ಗೆ ಬಂದು ನೋಡಿದರೆ ಕಟ್ಟಿಗೆ ಉರಿದಿರುತ್ತಿತ್ತು, ಬೆಂಕಿ ಇರುತ್ತಿತ್ತು. ಬೆಂಕಿ ಮಾತಾಡುವುದಕ್ಕಿಂತ, ಭವಿಷ್ಯ ತೋರಿಸುವುದಕ್ಕಿಂತ ಎಷ್ಟೋ ಪಾಲು ನಂಬಿಕೆ ಹುಟ್ಟಿಸುವ ದೇವರು ಇದು. ಪಾಳಿಯಲ್ಲಿ ತನ್ನ ಸರದಿ ಬಂದಾಗ ಬಂದು ಕೆಲಸ ಮಾಡಿ ಹೋಗುವ ದೇವರು.

ಇನ್ನು ಸೌದೆ. ಇದನ್ನು ನೀವು ಯಾರೂ ಕೇಳಿಕೊಂಡಂತೆ ಕಾಣುವುದಿಲ್ಲ. ಆರದ ಬೆಂಕಿ ಅಂದರೆ ಮುಗಿಯದ ಹಸಿವು. ಒಂದು ಧರ್ಮದ ಊರೂರಿನ ಗುಡಿಯಲ್ಲೂ ಬೆಂಕಿ ಉರಿಯಬೇಕಾದರೆ ಆ ರಾಜ್ಯದಲ್ಲಿ ಕಾಡು ಯಾರ ಕೈಯಲ್ಲಿರುತ್ತದೆ? ಗುಡಿಯ ಕೈಯಲ್ಲೇ. ಮರ ಕಡಿಯುವವರಿಗೆ ಗೌರವ ಇದೆಯೋ, ಇಲ್ಲಾ ದೇವರಿಗೆ ಅನ್ನ ತರುವ ಅವರನ್ನೇ ಗುಡಿಯೊಳಗೆ ಬಿಡುವುದಿಲ್ಲವೋ? ಬಡವರು ಸೆಗಣಿ ಒಣಗಿಸಿ ಉರಿಸುತ್ತಾರೆ, ಆ ಬೆಂಕಿಯೂ ದೇವರೇನಾ? ನೆಲದಿಂದ ಕಲ್ಲಿದ್ದಲು ಸಿಕ್ಕಿತು ಅನ್ನಿ. ಕಪ್ಪು ಕಲ್ಲಿನಿಂದ ಹುಟ್ಟಿದ ಬೆಂಕಿ ಮರದ ಬೆಂಕಿಗೆ ಸಮ ಅನ್ನುವವರು ಒಂದು ಕಡೆ, ಅದು ದುರ್ನಾತದ ಬೆಂಕಿ, ನೆಲದಡಿಯ ಪಿಶಾಚಿಯದು ಅನ್ನುವವರು ಇನ್ನೊಂದು ಕಡೆ. ಇಷ್ಟಕ್ಕೇ ಧರ್ಮ ಒಡೆದು ಎರಡಾಗಬಹುದು. ಒಂದು ಬರಗಾಲ, ಒಂದು ಕಾಡ್ಗಿಚ್ಚು ಬರಲಿ, ದೇವರೇ ತನ್ನ ಮುಂದಿನ ನೂರು ವರ್ಷದ ಊಟವನ್ನು ಒಂದೇ ವಾರದಲ್ಲಿ ತಿಂದುಹಾಕಿದ ಹಾಗೆ ಆಗುತ್ತದೆ. ಆಗ ಭಕ್ತರು ಏನು ಹೇಳಿಕೊಳ್ಳುತ್ತಾರೆ?

ಸೌದೆಯೇ ಬೇಡದ ಬೆಂಕಿಗಳೂ ಇವೆ. ನೆಲದಿಂದ ಅನಿಲ ಹೊರಬಂದು ತಾನಾಗಿ ಉರಿಯುವ ಜಾಗಗಳು. ಹಿಮಾಚಲದ ಜ್ವಾಲಾಮುಖಿಯಲ್ಲಿ ಮೂರ್ತಿ ಇಲ್ಲ, ಬಂಡೆಯ ಬಿರುಕಿನಿಂದ ಬರುವ ಉರಿಯೇ ದೇವಿ. ಟರ್ಕಿಯ ಯನಾರ್ತಾಶ್ ಬೆಟ್ಟದ ಇಳಿಜಾರಿನಲ್ಲಿ ಸಾವಿರಾರು ವರ್ಷದಿಂದ ಉರಿ ಕಾಣುತ್ತಿದೆ. ಅಜರ್ಬೈಜಾನಿನ ಬಾಕು ನಗರದ ಪಕ್ಕದ ಸುರಾಖಾನಿಯಲ್ಲಿ ಆತೆಶ್‌ಗಾಹ್ ಅಂತ ಒಂದು ಗುಡಿ ಇದೆ. ದೂರದ ಭಾರತದಿಂದ ಹೋದ ವ್ಯಾಪಾರಿಗಳು, ಸಾಧುಗಳು ಅಲ್ಲಿ ಪೂಜೆ ಮಾಡುತ್ತಿದ್ದರು, ಅವರು ಕೆತ್ತಿಸಿದ ಸಂಸ್ಕೃತ ಮತ್ತು ಪಂಜಾಬಿ ಬರಹಗಳು ಗೋಡೆಯ ಮೇಲೆ ಇನ್ನೂ ಇವೆ. ಆ ಬೆಂಕಿ 1969ರಲ್ಲಿ ಆರಿತು. ಸುತ್ತಮುತ್ತ ತೈಲ, ಅನಿಲ ತೆಗೆದೂ ತೆಗೆದೂ ನೆಲದೊಳಗಿನ ಒತ್ತಡವೇ ಹೋಗಿಬಿಟ್ಟಿತ್ತು. ಈಗ ಅಲ್ಲಿ ಉರಿಯುವುದು ಕೊಳವೆಯಲ್ಲಿ ತಂದ ಅನಿಲ. ಇದು ನಿಜವಾಗಿ ನಡೆದದ್ದು. ನಿಮ್ಮ ಲೋಕದಲ್ಲಿ ಇದೇ ನಡೆದರೆ? ದೇವರ ಬೆಂಕಿ ಆರಿದ್ದು ಯುದ್ಧದಿಂದಲ್ಲ, ಶಾಪದಿಂದಲ್ಲ, ಪಕ್ಕದಲ್ಲಿ ಗಣಿ ತೋಡಿದವರಿಂದ. ಗಣಿ ತೋಡಿದವರೂ ಅದೇ ದೇವರ ಭಕ್ತರು. ರಾತ್ರೋರಾತ್ರಿ ಗುಟ್ಟಾಗಿ ಕೊಳವೆ ಜೋಡಿಸಿದ ಅರ್ಚಕಿಗೆ ಮಾತ್ರ ಸತ್ಯ ಗೊತ್ತು. ಅವಳು ಬೆಳಿಗ್ಗೆ ಬರುವ ಭಕ್ತರ ಮುಖವನ್ನು ಹೇಗೆ ನೋಡುತ್ತಾಳೆ? ನಾನು ಕೇಳುತ್ತಿರುವುದು ಇಂಥ ಪಾತ್ರಗಳನ್ನು.

ಇನ್ನೊಂದು ಪ್ರಶ್ನೆ ನನಗೆ ಬಹಳ ಮುಖ್ಯ ಅನಿಸುತ್ತದೆ. ಮನೆಗೆ ಬೆಂಕಿ ಬಿದ್ದರೆ ನಿಮ್ಮ ಅಗ್ನಿಭಕ್ತರು ಏನು ಮಾಡುತ್ತಾರೆ? ನಂದಿಸುವುದು ದೇವರನ್ನು ಕೊಂದ ಹಾಗೆ. ನಂದಿಸದಿದ್ದರೆ ಒಳಗೆ ಮಕ್ಕಳಿದ್ದಾರೆ. ಯಾವ ಧರ್ಮವೂ ಈ ಪ್ರಶ್ನೆಗೆ ಉತ್ತರ ಇಟ್ಟುಕೊಳ್ಳದೆ ಒಂದು ತಲೆಮಾರು ಕೂಡ ಬಾಳಲಾರದು. ಬಹುಶಃ ಒಂದು ಕೆಂಡವನ್ನು ಮೊದಲು ಹೊರತೆಗೆದು ಉಳಿಸಿಕೊಂಡು ಆಮೇಲೆ ನೀರು ಹಾಕಬಹುದು. ಬಹುಶಃ ನೀರು ಹಾಕುವ ಅಧಿಕಾರ ಒಂದು ಮನೆತನಕ್ಕೆ ಮಾತ್ರ ಇರಬಹುದು, ಆ ಪಾಪವನ್ನು ಅವರೇ ಹೊತ್ತುಕೊಳ್ಳಬೇಕು, ಅವರ ಮನೆಗೆ ಯಾರೂ ಹೆಣ್ಣು ಕೊಡುವುದಿಲ್ಲ, ಆದರೆ ರಾತ್ರಿ ಹೊಗೆ ಕಂಡರೆ ಎಲ್ಲರೂ ಓಡುವುದು ಅವರ ಬಾಗಿಲಿಗೇ. ನೋಡಿ, ಪ್ರಶ್ನೆ ಕೇಳಿದ ತಕ್ಷಣ ಒಂದು ಮನೆತನ ಹುಟ್ಟಿತು, ಅದಕ್ಕೊಂದು ನೋವು ಹುಟ್ಟಿತು. ಯಾರನ್ನೂ ಕಂಬಕ್ಕೆ ಕಟ್ಟಬೇಕಾಗಲಿಲ್ಲ.

ಬೆಂಕಿಯ ಧರ್ಮದಲ್ಲಿ ಕ್ರೌರ್ಯವೇ ಇರಬಾರದು ಅಂತ ನಾನು ಹೇಳುತ್ತಿಲ್ಲ. ಮೆಕ್ಸಿಕೋದ ಅಜ್ಟೆಕರು 52 ವರ್ಷಕ್ಕೊಮ್ಮೆ ನಾಡಿನ ಎಲ್ಲ ಬೆಂಕಿಗಳನ್ನೂ ಆರಿಸುತ್ತಿದ್ದರು. ಕತ್ತಲಲ್ಲಿ ಕೂತು, ಮತ್ತೆ ಸೂರ್ಯ ಹುಟ್ಟುತ್ತಾನೋ ಇಲ್ಲವೋ ಅಂತ ಕಾಯುತ್ತಿದ್ದರು. ಬೆಟ್ಟದ ಮೇಲೆ ಬಲಿಗೆ ತಂದ ಸೆರೆಯಾಳೊಬ್ಬನ ಎದೆಯ ಮೇಲೆ ಹೊಸ ಬೆಂಕಿ ಕಡೆಯುತ್ತಿದ್ದರು. ಅಲ್ಲಿಂದ ಪಂಜುಗಳು ಊರೂರಿಗೆ ಓಡುತ್ತಿದ್ದವು. ಕೊನೆಯ ಸಲ ಇದು ನಡೆದದ್ದು 1507ರಲ್ಲಿ. ಭಯಂಕರವೇ ಸರಿ. ಆದರೆ ಅದರ ಹಿಂದೆ ಒಂದು ಲೆಕ್ಕ ಇದೆ, ಇಡೀ ಜನಾಂಗದ ನಡುಕ ಇದೆ, ಒಬ್ಬ ಮನುಷ್ಯ ತನ್ನ ಜೀವಮಾನದಲ್ಲಿ ಒಮ್ಮೆ, ಹೆಚ್ಚೆಂದರೆ ಎರಡು ಸಲ ನೋಡಬಹುದಾದ ರಾತ್ರಿ ಅದು. ಕೊಲ್ಲುವವರೂ ಹೆದರಿದ್ದಾರೆ. ನಿಮ್ಮ ಕತೆಯ ಪೂಜಾರಿಗೆ ಆ ಹೆದರಿಕೆ ಇಲ್ಲ. ಅವನು ಕೆಟ್ಟವನು, ಅದಕ್ಕೆ ಸುಡುತ್ತಾನೆ, ಮುಗಿಯಿತು. ಕ್ರೌರ್ಯ ಬೇಕಾದರೆ ಬರೆಯಿರಿ, ಕಾರಣ ಕೊಟ್ಟು ಬರೆಯಿರಿ.

ಎಲ್ಲ ಬೆಂಕಿಯೂ ಒಂದೇ ಅನ್ನುವ ಹಾಗೆ ಬರೆಯುವುದನ್ನೂ ಬಿಡಿ. ಕ್ರಿ.ಪೂ. 479ರಲ್ಲಿ ಪ್ಲಟೀಯ ಯುದ್ಧ ಗೆದ್ದ ಗ್ರೀಕರಿಗೆ ಅಪೊಲೊ ದೇವರ ಗುಡಿಯಿದ್ದ ಡೆಲ್ಫಿಯಿಂದ ದೇವವಾಣಿ ಬಂತು. ಪರ್ಷಿಯನ್ನರು ಬಂದುಹೋದ ನಾಡಿನ ಬೆಂಕಿಯೆಲ್ಲ ಕೆಟ್ಟಿದೆ, ಎಲ್ಲವನ್ನೂ ಆರಿಸಿ ಡೆಲ್ಫಿಯಿಂದ ಹೊಸ ಬೆಂಕಿ ತನ್ನಿ ಅಂತ. ಯೂಕಿಡಾಸ್ ಅನ್ನುವವನು ಓಡಿದ. ಹೋಗಿ ಬರುವುದು ಸೇರಿ ಸಾವಿರ ಸ್ಟೇಡಿಯ, ಅಂದರೆ 180 ಕಿಲೋಮೀಟರಿನಷ್ಟು ದೂರ, ಒಂದೇ ದಿನದಲ್ಲಿ. ಸೂರ್ಯ ಮುಳುಗುವ ಮುಂಚೆ ಬಂದು ಬೆಂಕಿ ಒಪ್ಪಿಸಿ, ಕುಸಿದು ಸತ್ತ ಅಂತ ಗ್ರೀಕ್ ಲೇಖಕ ಪ್ಲುಟಾರ್ಕ್ ಬರೆಯುತ್ತಾನೆ. ಇದರಲ್ಲಿ ನನ್ನನ್ನು ಕಾಡುವುದು ಇನ್ನೊಂದು ಸಂಗತಿ. ಬೆಂಕಿಯನ್ನು ಅತಿಯಾಗಿ ಗೌರವಿಸುವ ಪರ್ಷಿಯನ್ನರು ಕಾಲಿಟ್ಟದ್ದಕ್ಕೇ ಗ್ರೀಕರಿಗೆ ತಮ್ಮ ಬೆಂಕಿ ಮೈಲಿಗೆ ಅನಿಸಿತು. ಎರಡೂ ಕಡೆಯವರಿಗೆ ಬೆಂಕಿ ಪವಿತ್ರ, ಆದರೂ ಒಬ್ಬರ ಬೆಂಕಿ ಇನ್ನೊಬ್ಬರಿಗೆ ಆಗುವುದಿಲ್ಲ. ಸಸಾನಿ ದೊರೆಗಳ ಕಾಲದ ಇರಾನಿನಲ್ಲಂತೂ ಮೂರು ಮಹಾ ಬೆಂಕಿಗಳಿದ್ದವು, ಅರ್ಚಕರಿಗೆ ಒಂದು, ಯೋಧರಿಗೆ ಒಂದು, ರೈತರಿಗೆ ಒಂದು. ದೊರೆಯ ನಾಣ್ಯದ ಒಂದು ಮುಖದಲ್ಲಿ ಅವನ ತಲೆ, ಇನ್ನೊಂದು ಮುಖದಲ್ಲಿ ಬೆಂಕಿಯ ವೇದಿಕೆ. ಬೆಂಕಿಗೂ ವಂಶ ಇದೆ, ದರ್ಜೆ ಇದೆ, ರಾಜಕೀಯ ಇದೆ. ನಿಮ್ಮ ಲೋಕದಲ್ಲಿ ರೈತರ ಬೆಂಕಿಯನ್ನು ಯೋಧರ ಗುಡಿಗೆ ಒಯ್ದರೆ ಏನಾಗುತ್ತದೆ?

ಬೆಂಕಿಯ ದೇವರ ಸ್ವಭಾವದ ಬಗ್ಗೆಯೂ ಒಂದು ಮಾತು. ನೀವು ಅವನನ್ನು ಯಾವಾಗಲೂ ಸಿಟ್ಟಿನವನನ್ನಾಗಿ ಮಾಡುತ್ತೀರಿ. ಋಗ್ವೇದ ಶುರುವಾಗುವುದೇ ಅಗ್ನಿಯ ಹೆಸರಿನಿಂದ. ಅಲ್ಲಿ ಅವನು ಪುರೋಹಿತ, ದೂತ, ಮನೆಗೆ ಬಂದ ಅತಿಥಿ. ಇಲ್ಲಿ ಕೊಟ್ಟದ್ದನ್ನು ಅಲ್ಲಿಗೆ ಮುಟ್ಟಿಸುವವನು. ಎರಡು ಅರಣಿ ಕಟ್ಟಿಗೆಗಳನ್ನು ಕಡೆದರೆ ಹುಟ್ಟುತ್ತಾನೆ, ಹಾಗಾಗಿ ಅವನಿಗೆ ಇಬ್ಬರು ತಾಯಂದಿರು. ಹುಟ್ಟಿದ ಕೂಡಲೇ ಆ ತಾಯಂದಿರನ್ನೇ ತಿನ್ನುತ್ತಾನೆ. ಕೂಸು, ಅತಿಥಿ, ಪುರೋಹಿತ, ತಾಯಿಯನ್ನು ತಿನ್ನುವವನು, ಎಲ್ಲವೂ ಒಬ್ಬನೇ. ದಿನಾ ಬೆಳಿಗ್ಗೆ ಹೊಸದಾಗಿ ಹುಟ್ಟುವುದರಿಂದ ಎಲ್ಲ ದೇವರಿಗಿಂತ ಚಿಕ್ಕವನು, ಎಲ್ಲರಿಗಿಂತ ಮೊದಲು ಹುಟ್ಟಿದ್ದರಿಂದ ಹಿರಿಯನು. ಇಂಥ ದೇವರನ್ನು ಕಟ್ಟಲು ನಿಮಗೆ ಪ್ರತಿಭೆ ಇಲ್ಲ ಅಂತ ನಾನು ನಂಬುವುದಿಲ್ಲ.

ನಿಮ್ಮ ಅಂಗೈಯ ಬೆಂಕಿಯುಂಡೆಯೇ ಬಹುಶಃ ಎಲ್ಲ ತೊಂದರೆಯ ಮೂಲ. ಪೂಜಾರಿ ಚಿಟಿಕೆ ಹೊಡೆದರೆ ಬೆಂಕಿ ಬರುತ್ತದೆ ಅಂದಮೇಲೆ ಅದನ್ನು ಯಾರು ಯಾಕೆ ಕಾಯಬೇಕು? ಯಾಕೆ ಹೊತ್ತು ಓಡಬೇಕು? ಆರಿದರೆ ಯಾಕೆ ಅಳಬೇಕು? ಸುಮ್ನೆ ಸಿಗುವುದರ ಸುತ್ತ ಭಕ್ತಿ ಬೆಳೆಯುವುದಿಲ್ಲ. ಮಾಯೆ ಬೇಕೇಬೇಕು ಅಂದರೆ ಇರಲಿ, ಆದರೆ ಅದಕ್ಕೆ ಬೆಲೆ ಇರಲಿ. ಉದಾಹರಣೆಗೆ, ಒಂದು ಹಿಮದ ನಾಡು ಇದೆ ಅಂದುಕೊಳ್ಳಿ. ಅಲ್ಲಿ ಹೊಸದಾಗಿ ಬೆಂಕಿ ಹುಟ್ಟುವುದೇ ಇಲ್ಲ. ಕಲ್ಲು ಉಜ್ಜಿದರೂ ಇಲ್ಲ, ಕಟ್ಟಿಗೆ ಕಡೆದರೂ ಇಲ್ಲ. ಇರುವ ಬೆಂಕಿಯಿಂದ ಮಾತ್ರ ಇನ್ನೊಂದನ್ನು ಹೊತ್ತಿಸಬಹುದು. ಆಗ ಪ್ರತಿ ಮನೆಯ ಒಲೆಗೂ ತಾಯಿ ಬೆಂಕಿ ಯಾವುದು ಅಂತ ಗೊತ್ತಿರುತ್ತದೆ. ಮದುವೆ ಅಂದರೆ ಎರಡು ಮನೆಯ ಬೆಂಕಿ ಸೇರಿಸುವುದು. ವಿಚ್ಛೇದನ ಆದರೆ ಯಾರ ಬೆಂಕಿ ಯಾರಿಗೆ ಅಂತ ಪಂಚಾಯಿತಿ ಕೂರಬೇಕು, ಯಾಕೆಂದರೆ ಸೇರಿದ ಬೆಂಕಿಯನ್ನು ಬಿಡಿಸಲಾಗುವುದಿಲ್ಲ. ಸಾಲ ತೀರಿಸಲಿಲ್ಲ ಅಂತ ಬೆಂಕಿ ಕೊಡುವುದನ್ನು ನಿಲ್ಲಿಸಿದರೆ ಅದು ಮರಣದಂಡನೆ. ಪರ ಊರಿನಿಂದ ಬಂದವನು ಕೆಂಡದ ಮಡಕೆ ಹಿಡಿದು ಬಂದಿದ್ದರೆ ಅವನ ಬೆಂಕಿ ಯಾವ ವಂಶದ್ದು ಅಂತ ಕೇಳುತ್ತಾರೆ, ಹಿಡಿಯದೆ ಬಂದಿದ್ದರೆ ಅವನ ಬೆಂಕಿ ಎಲ್ಲಿ ಸತ್ತಿತು ಅಂತ ಕೇಳುತ್ತಾರೆ. ಈ ನಾಡಿನಲ್ಲಿ ಒಬ್ಬ ಹುಡುಗಿ ಕಾವಲಿನಲ್ಲಿ ನಿದ್ದೆ ಹೋದಳು. ಕತೆ ಶುರು ಮಾಡಿ. ಈ ಕಲ್ಪನೆ ಯಾರಿಗೆ ಬೇಕಾದರೂ ಇರಲಿ, ತೆಗೆದುಕೊಳ್ಳಿ.

ಕೊನೆಗೆ ಇದನ್ನು ಹೇಳಲೇಬೇಕು. ಬೆಂಕಿಯ ಮುಂದೆ ನಿಂತು ಪ್ರಾರ್ಥಿಸುವ ಜನ ಬರೀ ಕತೆಯಲ್ಲಿಲ್ಲ, ನಮ್ಮ ನಡುವೆ ಇದ್ದಾರೆ. ಸಂಖ್ಯೆಯಲ್ಲಿ ಬಹಳ ಕಡಿಮೆ ಇದ್ದಾರೆ. ಶತಮಾನಗಳ ಕಾಲ ಅಗ್ನಿಪೂಜಕರು ಅನ್ನುವುದನ್ನು ಬೈಗುಳವಾಗಿ ಕೇಳಿಸಿಕೊಂಡವರು, ಊರು ಬಿಟ್ಟವರು. ಅವರ ಗುಡಿಯಿಂದ ಬಿಳಿ ಕಂಬ, ಗಂಟೆ, ಬೆಂಕಿಯ ದೊಡ್ಡ ಪಾತ್ರೆ ಇಷ್ಟನ್ನು ಎತ್ತಿಕೊಂಡು, ಒಳಗೆ ಒಬ್ಬ ರಾಕ್ಷಸನನ್ನು ಕೂರಿಸಿ, ಇದು ಕಲ್ಪನೆ ಅಂತ ಹೇಳಿದರೆ ಅವರ ಮನೆಯ ಮಗುವಿಗೆ ಏನನಿಸಬಹುದು? ನೀವು ಬೇಕಂತ ಮಾಡಿದ್ದೀರಿ ಅಂತ ನಾನು ಹೇಳುವುದಿಲ್ಲ. ಮೊದಲು ಯಾರೋ ಬರೆದರು, ಅದನ್ನು ನೋಡಿ ಇನ್ನೊಬ್ಬರು ಬರೆದರು. ಹಾಗೇ ಸಾಗಿಕೊಂಡು ಬಂದಿದೆ.

ಅದಕ್ಕೆ ನನ್ನ ಕೋರಿಕೆ ಇಷ್ಟು. ಮುಂದಿನ ಸಲ ಬೆಂಕಿಯ ಗುಡಿ ಬರೆಯುವಾಗ ಮೊದಲು ಸೌದೆ ಒಟ್ಟುವ ಕೊಟ್ಟಿಗೆಯಿಂದ ಶುರು ಮಾಡಿ. ರಾತ್ರಿ ಪಾಳಿಯಲ್ಲಿ ಯಾರಿದ್ದಾರೆ ಅಂತ ನಿಮಗೆ ಗೊತ್ತಿರಲಿ, ಅವರಿಗೊಂದು ಹೆಸರಿಡಿ. ಸತ್ತವರ ಗತಿ ಏನು, ಬೂದಿಯ ಗತಿ ಏನು ಅನ್ನುವುದನ್ನು ತೀರ್ಮಾನಿಸಿಕೊಳ್ಳಿ, ಓದುಗರಿಗೆ ಹೇಳದಿದ್ದರೂ ಪರವಾಗಿಲ್ಲ. ಯಾರನ್ನಾದರೂ ಸುಡಲೇಬೇಕಾದರೆ, ಅದೇ ಧರ್ಮದ ಒಬ್ಬ ಮುದುಕ ಭಕ್ತನನ್ನು ಆ ಗುಂಪಿನ ನಡುವೆ ನಿಲ್ಲಿಸಿ, ಇದು ಪಾಪ ಅಂತ ಅವನ ಬಾಯಲ್ಲಿ ಹೇಳಿಸಿ. ಮತ್ತು ನಾಯಕ ಗುಡಿಗೆ ನುಗ್ಗಿದಾಗ ಬೆಂಕಿಗೆ ನೀರು ಸುರಿಯುವ ಮುಂಚೆ ಯಾರಾದರೂ ಒಬ್ಬರು ಒಂದು ಕೆಂಡವನ್ನು ಎತ್ತಿಕೊಂಡು ಹಿಂದಿನ ಬಾಗಿಲಿನಿಂದ ಓಡಲಿ. ಅವರ ಹಿಂದೆ ಹೋಗಿ ಬರೆಯಿರಿ. ಓದಲು ನಾವು ಇದ್ದೇವೆ.

ಇಂತಿ,
ನಿಮ್ಮ ಲೋಕಗಳನ್ನು ಪ್ರೀತಿಸುವ ಒಬ್ಬ ಓದುಗಿ